ಮಯನಿಗೆ ಊಟಕ್ಕೆ ಹೇಳಿದ್ದರಾ?

ದೋಸ್ತ,

ಹೋದ ವಾರ ರಾತ್ರಿ ನೀನು ಫೋನ್ ಮಾಡಿದಾಗ ನಾನು ಸರಿಯಾಗಿ ಮಾತಾಡಲಿಲ್ಲ, ಗೊತ್ತು. ಮುಂದೆ ಹತ್ತನೇ ಕ್ಲಾಸಿನ ಪೇಪರ್ ಗುಡ್ಡೆ ಬಿದ್ದಿತ್ತು, ನವನಗರದಲ್ಲಿ ಆವತ್ತು ಕರೆಂಟೂ ಇರಲಿಲ್ಲ, ನೀನು ಹೇಳುತ್ತಾ ಹೋದೆ, ನಾನು ಮೊಬೈಲ್ ಬೆಳಕಿನಲ್ಲಿ ಮಾರ್ಕ್ಸ್ ಕೂಡಿಸುತ್ತಾ ಹೂಂ ಹೂಂ ಅಂತಿದ್ದೆ. ಫೋನ್ ಇಟ್ಟ ಮೇಲೆ ನಿದ್ದೆ ಬರಲಿಲ್ಲ.

ನೀನು ಹೇಳಿದ್ದು ಇಷ್ಟು. ನಿಮ್ಮ ಫ್ಯಾಕ್ಟರಿಯಲ್ಲಿ ವಾಲ್ವಿನ ಹೊರಕವಚಕ್ಕೆ ತೂತು ಹಾಕುವಾಗ, ಅದನ್ನು ಅಲ್ಲಾಡದಂತೆ ಹಿಡಿಯಲು ಪ್ರತಿ ಸಲ ನಾಲ್ಕು ಬೋಲ್ಟ್ ಬಿಚ್ಚಬೇಕು, ನಾಲ್ಕು ಬಿಗಿ ಮಾಡಬೇಕು. ನೀನು ಸ್ಕ್ರ್ಯಾಪಿನಿಂದ ಒಂದು ಸ್ಪ್ರಿಂಗ್ ಹುಡುಕಿ, ಒಂದು ಹಿಡಿಕೆ ಬೆಸುಗೆ ಹಾಕಿ, ಒಂದೇ ಎಳೆತಕ್ಕೆ ಗಟ್ಟಿಯಾಗಿ ಕೂರುವ ಫಿಕ್ಸ್ಚರ್ ಮಾಡಿದೆ. ಎರಡು ತಿಂಗಳು, ಶಿಫ್ಟ್ ಮುಗಿದ ಮೇಲೆ, ಓವರ್‌ಟೈಮ್ ಇಲ್ಲದೆ. ಈಗ ಅದು ಕೈಜೆನ್ ಬೋರ್ಡಿನ ಮೇಲಿದೆ, ಅಂದರೆ ಕೆಲಸದಲ್ಲಿ ಮಾಡಿದ ಸುಧಾರಣೆಗಳನ್ನು ತೋರಿಸುವ ಫಲಕದ ಮೇಲೆ. ಪಕ್ಕದಲ್ಲಿ ಸಾಹೇಬರ ಫೋಟೊ. ಕೆಳಗೆ 'ತಂಡ' ಅಂತ ಒಂದು ಶಬ್ದ, ಅದರಲ್ಲಿ ನೀನೂ ಇದ್ದೀಯಂತೆ. ಆವತ್ತು ಕುಂದಾ ಹಂಚಿದರು, ನೀನು ಸೆಕೆಂಡ್ ಶಿಫ್ಟಿಗೆ ಬರುವಷ್ಟರಲ್ಲಿ ಡಬ್ಬಿ ಖಾಲಿ.

'ಹೋಗ್ಲಿ ಬಿಡಪಾ' ಅಂದೆ ನೀನು. ಮೂರು ಸಲ ಅಂದೆ. ಒಂದೇ ಸಲ ಅಂದಿದ್ದರೆ ನಂಬುತ್ತಿದ್ದೆ.

ಆ ಹೊತ್ತಿನಲ್ಲಿ ನನಗೆ ಮಯ ನೆನಪಾದ. ಯಾವ ಮಯ ಅಂತ ಕೇಳಬೇಡ. ನಿಮ್ಮ ಮನೆಯಲ್ಲಿ ಮನು, ಮಯ, ತ್ವಷ್ಟೃ, ಶಿಲ್ಪಿ, ವಿಶ್ವಜ್ಞ ಅಂತ ಐದು ಹೆಸರು ಹೇಳುತ್ತಿದ್ದರಲ್ಲ, ವಿಶ್ವಕರ್ಮನ ಐದು ಮಕ್ಕಳು. ಕಬ್ಬಿಣ ಮನುವಿಗೆ, ಕಟ್ಟಿಗೆ ಮಯನಿಗೆ, ಹಾಗೆ. ಬಾಚಿ ಹಿಡಿದು ಬಡಿಗತನಕ್ಕೆ ಕೂತಾಗ ನಿಮ್ಮ ಮನೆಯ ಕಾಕಾ ಅದನ್ನು ಹಾಡಿನ ಥರ ಹೇಳುತ್ತಿದ್ದರು. ನಾವು ಮಗ್ಗಿ ಥರ ಹೇಳುತ್ತಿದ್ದೆವು. ಹೆಸರು ಬಾಯಿಗೆ ಬಂತು, ಆಳು ಯಾರು ಅಂತ ಕೇಳಿದ್ದೇ ಇಲ್ಲ. ಪುರಾಣದ ಮಯ ದಾನವ, ನಿಮ್ಮ ಮನೆಯ ಮಯ ವಿಶ್ವಕರ್ಮನ ಮಗ. ಇಬ್ಬರೂ ಒಬ್ಬರೇನಾ ಅಂತ ಜಗಳ ಮಾಡುವವರು ಮಾಡಲಿ. ಉಳಿ ಹಿಡಿದವನು ಅನ್ನುವಷ್ಟು ನನಗೆ ಸಾಕು.

ನಿದ್ದೆ ಬಾರದ ಆ ರಾತ್ರಿಯಿಂದ ಒಂದು ವಾರ ಮಯನ ಬೆನ್ನು ಹತ್ತಿದ್ದೇನೆ. ಮನೆಯಲ್ಲಿದ್ದ ಭಾರತ, ರಾಮಾಯಣ, ಭಾಗವತ ಎಲ್ಲ ತೆಗೆದು ಹರಡಿಕೊಂಡೆ. ನನ್ನ ಹೆಂಡತಿ 'ಪೇಪರ್ ಯಾವಾಗ ಮುಗಿಸ್ತೀರಿ' ಅಂತ ಕೇಳಿ ಕೇಳಿ ಸುಮ್ಮನಾದಳು.

ಮೊದಲು ಸಿಗುವುದು ಖಾಂಡವ ವನ ಸುಡುವ ಹೊತ್ತಿನಲ್ಲಿ. ಅಗ್ನಿಗೆ ಹಸಿವು, ಕೃಷ್ಣ ಅರ್ಜುನ ಇಬ್ಬರೂ ಕಾಡಿಗೆ ಕಾವಲು ನಿಂತಿದ್ದಾರೆ, ಹೊರಗೆ ಓಡಿ ಬಂದ ಪ್ರಾಣಿಯನ್ನೂ ಬಿಡುತ್ತಿಲ್ಲ. ಆ ಬೆಂಕಿಯಲ್ಲಿ ಉಳಿದಿದ್ದು ಆರೇ ಜೀವ. ಅಶ್ವಸೇನ ಅನ್ನುವ ಹಾವು, ನಾಲ್ಕು ಹಕ್ಕಿ ಮರಿ, ಮತ್ತೆ ಮಯ. ಹಿಂದೆ ಅಗ್ನಿ, ಮುಂದೆ ಕೃಷ್ಣ ಚಕ್ರ ಎತ್ತಿ ನಿಂತಿದ್ದಾನೆ, ಮಯ 'ಅರ್ಜುನಾ, ಕಾಪಾಡು' ಅಂತ ಕೂಗಿಕೊಂಡ. ಅರ್ಜುನ 'ಹೆದರಬೇಡ' ಅಂದ. ಅಷ್ಟೇ. ಮನೆ ಸುಟ್ಟವನೇ ಜೀವ ಉಳಿಸಿದ. ಇದನ್ನು ಉಪಕಾರ ಅಂತ ಕರೆಯಲು ನನಗೆ ಸ್ವಲ್ಪ ಕಷ್ಟ, ಆದರೆ ಮಯನಿಗೆ ಕಷ್ಟ ಆಗಲಿಲ್ಲ.

ಅವನು ಬಂದು ಕೈಮುಗಿದು ಏನಾದರೂ ಮಾಡಿಕೊಡುತ್ತೇನೆ ಅಂದ. ಅರ್ಜುನ ಬೇಡ ಅಂದ, ಜೀವ ಉಳಿಸಿದ್ದಕ್ಕೆ ಕೂಲಿ ತಗೊಂಡಂತೆ ಆಗುತ್ತದೆ, ಹೋಗಿ ಬಾ. ಮಯ ಹೋಗಲಿಲ್ಲ. ನಾನು ದಾನವರ ವಿಶ್ವಕರ್ಮ, ಏನಾದರೂ ಮಾಡಲೇಬೇಕು ಅಂತ ನಿಂತ. ಇದು ನನಗೆ ಬಹಳ ಸೇರಿತು, ಯಾಕಂದರೆ ನೀನೂ ಹೀಗೆಯೇ. ನಮ್ಮ ಮನೆಗೆ ಚಹಾ ಕುಡಿಯಲು ಬಂದವನು ಬಾಗಿಲಿನ ಚಿಲಕ ಸಡಿಲ ಆಗಿದ್ದು ನೋಡಿ, ಅದು ಸರಿ ಆಗುವ ತನಕ ಕಪ್ ಮುಟ್ಟಲಿಲ್ಲ. ಚಹಾ ಆರಿತು. ಕೊನೆಗೆ ಅರ್ಜುನ ಕೃಷ್ಣನ ಕಡೆ ಕೈ ತೋರಿಸಿದ, ಕೃಷ್ಣ ಸ್ವಲ್ಪ ಯೋಚಿಸಿ, ಧರ್ಮರಾಯನಿಗೆ ಒಂದು ಸಭೆ ಕಟ್ಟಿಕೊಡು, ನೋಡಿದವರು ಇನ್ನೊಂದು ಹಾಗೆ ಕಟ್ಟಲಾಗಬಾರದು ಅಂದ.

ಮಯ ಜಾಗ ಅಳೆದ, ಸುತ್ತ 10,000 ಮೊಳ. ಆಮೇಲೆ ಮಾಲು ತರಲು ಹೊರಟ. ಎಲ್ಲಿಗೆ ಗೊತ್ತಾ? ಕೈಲಾಸದ ಉತ್ತರಕ್ಕೆ ಮೈನಾಕ ಬೆಟ್ಟ, ಅಲ್ಲಿ ಬಿಂದುಸರಸ್ಸು. ಹಿಂದೆ ದಾನವರಿಗೆ ಮಾಡಿದ ಕೆಲಸದ ಮಣಿ, ಸ್ಫಟಿಕ ಎಲ್ಲ ಉಳಿದದ್ದು ಅಲ್ಲೇ ಇಟ್ಟಿದ್ದ. ಹಳೆಯ ಕೆಲಸದ ಉಳಿಕೆ ಮಾಲು! ಓದಿದಾಗ ಒಬ್ಬನೇ ನಕ್ಕೆ. ನಿನ್ನ ಸ್ಪ್ರಿಂಗೂ ಅಲ್ಲಿಂದಲೇ ಬಂದಿದ್ದಲ್ವಾ. ಬರುವಾಗ ಬರಿಗೈಲಿ ಬರಲಿಲ್ಲ, ಭೀಮನಿಗೊಂದು ಗದೆ, ಅರ್ಜುನನಿಗೆ ದೇವದತ್ತ ಶಂಖ ತಂದ. ಕುರುಕ್ಷೇತ್ರದಲ್ಲಿ ಅರ್ಜುನ ಊದುತ್ತಾನಲ್ಲ, ಅದೇ ಶಂಖ.

ಕೆಲಸ 14 ತಿಂಗಳು ನಡೆಯಿತು. ಸಭೆಯನ್ನು ಕಾಯಲು 8,000 ಕಿಂಕರರು, ಬೇಕಾದರೆ ಅವರು ಅದನ್ನು ಎತ್ತಿಕೊಂಡು ಬೇರೆ ಕಡೆ ಇಡುತ್ತಿದ್ದರಂತೆ. ಆಲಮಟ್ಟಿ ಡ್ಯಾಮಿನ ಮುಳುಗಡೆಯಲ್ಲಿ ಮನೆ ಬಿಟ್ಟು ಬಂದ ನಮ್ಮಂಥವರಿಗೆ ಇಂಥ ನಾಲ್ಕು ಮಂದಿ ಸಿಕ್ಕಿದ್ದರೆ ಸಾಕಾಗಿತ್ತು.

ಮುಗಿದ ದಿನ ಮಯ ಬಂದು ಧರ್ಮರಾಯನಿಗೆ 'ಆಯಿತು' ಅಂತ ಹೇಳಿದ. ಗೃಹಪ್ರವೇಶ ಆಯಿತು. 10,000 ಬ್ರಾಹ್ಮಣರಿಗೆ ಊಟ, ತುಪ್ಪ ಜೇನು ಹಾಕಿದ ಪಾಯಸ. ಯಾವ ಯಾವ ಋಷಿ ಬಂದು ಕೂತರು, ಯಾವ ರಾಜರು, ಯಾವ ಗಂಧರ್ವರು ಅಂತ ಹೆಸರಿನ ಮೇಲೆ ಹೆಸರು ಬರುತ್ತದೆ. ಬೆರಳಿಟ್ಟು ಓದಿದೆ. ಕೂತವರಲ್ಲಿ ಮಯನ ಹೆಸರು ಸಿಗಲಿಲ್ಲ.

ನಿನ್ನ ಕುಂದಾ ಡಬ್ಬಿ ನೆನಪಾಯಿತು ನೋಡು.

ಆ ಸಭೆಯಿಂದ ಮುಂದೆ ಏನಾಯಿತು ಅಂತ ನಿನಗೆ ಗೊತ್ತು, ಊರಿಗೆಲ್ಲ ಗೊತ್ತು. ದುರ್ಯೋಧನ ಬಂದ, ಸ್ಫಟಿಕದ ನೆಲವನ್ನು ನೀರು ಅಂತ ತಿಳಿದು ಬಟ್ಟೆ ಎತ್ತಿ ನಡೆದ, ನೀರನ್ನು ನೆಲ ಅಂತ ತಿಳಿದು ಬಿದ್ದ, ಬಾಗಿಲು ಅಂದುಕೊಂಡಲ್ಲಿ ಹಣೆ ಬಡಿಸಿಕೊಂಡ. ಭೀಮ ನಕ್ಕ, ಆಳುಗಳು ನಕ್ಕರು. ದ್ರೌಪದಿ 'ಕುರುಡನ ಮಗ ಕುರುಡ' ಅಂದಳು ಅನ್ನುವುದು ನಮ್ಮ ಕಡೆಯ ಬಯಲಾಟಗಳಲ್ಲಿ ಇದೆ, ವ್ಯಾಸರಲ್ಲಿ ಇಲ್ಲ. ಪಾಪ, ಅವಳ ತಲೆಗೆ ಅದೊಂದು ಜಾಸ್ತಿ ಕಟ್ಟಿದ್ದಾರೆ. ಆ ನಗೆಯಿಂದ ಜೂಜು, ಜೂಜಿನಿಂದ ಯುದ್ಧ. ಮಯ ಕಟ್ಟಿದ್ದು ಜೀವ ಉಳಿಸಿದವನ ಋಣ ತೀರಿಸಲಿಕ್ಕೆ. ಜನ ನೆನಪಿಟ್ಟುಕೊಂಡಿದ್ದು ಒಬ್ಬ ಬಿದ್ದದ್ದನ್ನು.

ಅವನು ಮಾಡಿದ ಬೇರೆ ಕೆಲಸಗಳ ಕಥೆಯೂ ಹೀಗೇ. ತಾರಕನ ಮೂರು ಮಕ್ಕಳಿಗೆ ಮೂರು ಊರು ಕಟ್ಟಿಕೊಟ್ಟ, ಒಂದು ಕಬ್ಬಿಣದ್ದು, ಒಂದು ಬೆಳ್ಳಿಯದು, ಒಂದು ಬಂಗಾರದ್ದು. ಶಿವ ಒಂದೇ ಬಾಣದಲ್ಲಿ ಸುಟ್ಟ. ಆ ಯುದ್ಧದಲ್ಲಿ ಸತ್ತ ಅಸುರರನ್ನು ಎಬ್ಬಿಸಲು ಅಮೃತದ ಬಾವಿ ಮಾಡಿದ, ವಿಷ್ಣು ಆಕಳಾಗಿ, ಬ್ರಹ್ಮ ಕರುವಾಗಿ ಬಂದು ಎಲ್ಲ ಕುಡಿದು ಹೋದರು. ಕಾವಲಿನವರು ಆಕಳು ಅಂತ ಸುಮ್ನೆ ಬಿಟ್ಟರು. ಸಾಲ್ವನಿಗೆ ಹಾರುವ ಊರು ಮಾಡಿಕೊಟ್ಟ, ಕೃಷ್ಣ ಅದನ್ನು ಸಮುದ್ರಕ್ಕೆ ಕೆಡವಿದ. ಯಾರು ಬಂದು ಕೇಳಿದರೂ ಮಾಡಿಕೊಟ್ಟವನು ಅವನು. ದೇವರ ಪಕ್ಷ, ಅಸುರರ ಪಕ್ಷ ಅಂತ ನೋಡಲಿಲ್ಲ. ಇದು ಸರಿಯಾ ತಪ್ಪಾ ಅಂತ ನನಗೆ ಈ ವಾರ ಪೂರ್ತಿ ತಿಳಿಯಲಿಲ್ಲ. ನೀನು ಮಾಡುವ ವಾಲ್ವ್ ಎಲ್ಲಿಗೆ ಹೋಗುತ್ತದೆ ಅಂತ ನಿನಗೆ ಗೊತ್ತಾ? ಹೋಗಲಿ ಬಿಡು, ಅದು ಬೇರೆ ಮಾತು.

ಆದರೆ ನನ್ನನ್ನು ಹಿಡಿದು ಕೂರಿಸಿದ್ದು ರಾಮಾಯಣದ ಒಂದು ಜಾಗ. ಉತ್ತರಕಾಂಡದಲ್ಲಿ ರಾವಣ ಬೇಟೆಗೆ ಹೋದಾಗ ಕಾಡಿನಲ್ಲಿ ಒಬ್ಬ ಗಂಡಸು ವಯಸ್ಸಿಗೆ ಬಂದ ಮಗಳನ್ನು ಕರಕೊಂಡು ತಿರುಗುತ್ತಿರುತ್ತಾನೆ. ಯಾರು ನೀನು, ಈ ಕಾಡಿನಲ್ಲಿ ಇವಳೊಬ್ಬಳನ್ನು ಕರಕೊಂಡು ಯಾಕೆ ಬಂದೆ ಅಂತ ರಾವಣ ಕೇಳಿದರೆ, ನಾನು ಮಯ ಅನ್ನುತ್ತಾನೆ. ನನ್ನ ಹೆಂಡತಿ ಹೇಮಾ ಅಪ್ಸರೆ, ದೇವತೆಗಳ ಕೆಲಸಕ್ಕೆ ಅಂತ ಹೋದವಳು ಬರಲಿಲ್ಲ, ವರ್ಷಗಳಾದವು. ಅವಳಿಗಾಗಿ ವಜ್ರ ವೈಡೂರ್ಯ ಹಚ್ಚಿ ಬಂಗಾರದ ಊರು ಕಟ್ಟಿದ್ದೆ. ಅವಳಿಲ್ಲದೆ ಅದರಲ್ಲಿ ಇದ್ದೆ, ದುಃಖ ತಡೆಯಲಿಲ್ಲ, ಅಲ್ಲಿಂದ ಮಗಳನ್ನು ಕರಕೊಂಡು ಕಾಡಿಗೆ ಬಂದೆ, ಇವಳಿಗೆ ಒಂದು ವರ ಹುಡುಕಬೇಕು. ಆ ಮಗಳೇ ಮಂಡೋದರಿ.

ಮೂರು ಲೋಕದಲ್ಲಿ ಯಾರೂ ಕಟ್ಟಲಾಗದ್ದನ್ನು ಕಟ್ಟಿದವನು, ಸ್ವಂತ ಮನೆಯಲ್ಲಿ ಕೂರಲಾಗದೆ ಕಾಡು ಅಲೆಯುತ್ತಿದ್ದಾನೆ. ರಾತ್ರಿ ಒಂದೂವರೆ ಗಂಟೆಗೆ ಇದನ್ನು ಓದಿ, ಎದ್ದು ಹೋಗಿ ಮಗಳ ಹೊದಿಕೆ ಸರಿ ಮಾಡಿ ಬಂದೆ.

ರಾವಣ ಅವಳನ್ನು ಮದುವೆಯಾದ. ಅಳಿಯನಿಗೆ ಮಯ 'ಶಕ್ತಿ' ಅನ್ನುವ ಆಯುಧವನ್ನೂ ಕೊಟ್ಟ. ಮುಂದೆ ಲಕ್ಷ್ಮಣನಿಗೆ ಬಡಿದದ್ದು ಅದೇ. ಅದೇ ರಾಮಾಯಣದ ಕಿಷ್ಕಿಂಧಾಕಾಂಡದಲ್ಲಿ, ಹನುಮಂತನ ಗುಂಪು ದಾರಿ ತಪ್ಪಿ ಹೊಕ್ಕ ಗುಹೆಯಲ್ಲಿ, ಬೇರೆಯೇ ಮಾತು ಇದೆ. ಬಂಗಾರದ ಮರಗಳಿರುವ ಆ ಗುಹೆಯನ್ನು ಮಯ ಮಾಡಿದ, ಹೇಮಾಳಿಗೆ ಮನಸ್ಸು ಕೊಟ್ಟ, ಅದಕ್ಕೆ ಇಂದ್ರ ವಜ್ರಾಯುಧದಿಂದ ಕೊಂದ ಅಂತ. ಒಂದು ಕಡೆ ಸಾಯುತ್ತಾನೆ, ಇನ್ನೊಂದು ಕಡೆ ಮಗಳ ಮದುವೆ ಮಾಡುತ್ತಾನೆ, ಮತ್ತೆ ಎಷ್ಟೋ ಕಾಲದ ಮೇಲೆ ದ್ವಾಪರದಲ್ಲಿ ಬೆಂಕಿಯಿಂದ ಓಡಿ ಬರುತ್ತಾನೆ. ಒಬ್ಬನೇನಾ, ಆ ಹೆಸರಿನವರು ಹಲವರಾ? ನನ್ನ ಲೆಕ್ಕದಲ್ಲಿ ಒಳ್ಳೆ ಕೈ ಇದ್ದ ಎಲ್ಲರಿಗೂ ಅದೇ ಹೆಸರು ಅಂಟಿರಬೇಕು. ವಾಸ್ತುವಿನ 'ಮಯಮತ' ಅವನ ಹೆಸರಿನಲ್ಲಿದೆ. 'ಸೂರ್ಯಸಿದ್ಧಾಂತ'ದಲ್ಲಿ ಗ್ರಹಗಳ ಲೆಕ್ಕವನ್ನು ಹೇಳಿಸಿಕೊಳ್ಳುವವನೂ ಮಯನೇ.

ಇದನ್ನೆಲ್ಲ ತಲೆಯಲ್ಲಿ ಇಟ್ಟುಕೊಂಡೇ ರವಿವಾರ ಪಟ್ಟದಕಲ್ಲಿಗೆ ಹೋಗಿದ್ದೆ, ಮಕ್ಕಳ ಟ್ರಿಪ್. ಎಷ್ಟು ಸಲ ಹೋಗಿದ್ದೇವೆ ನಾವು, ಅಲ್ವಾ? ನಾವು ನೋಡುತ್ತಿದ್ದದ್ದು ನಂದಿ, ಆಮೇಲೆ ಹೊಳೆ, ಆಮೇಲೆ ರೊಟ್ಟಿ ಮಾರುವ ಅಜ್ಜಿಯರು. ವಿರೂಪಾಕ್ಷ ಗುಡಿ ಎರಡನೆಯ ವಿಕ್ರಮಾದಿತ್ಯ ಕಂಚಿ ಗೆದ್ದ ನೆನಪಿಗೆ ರಾಣಿ ಲೋಕಮಹಾದೇವಿ ಕಟ್ಟಿಸಿದ್ದು, ಎಂಟನೇ ಶತಮಾನದ್ದು. ಇದನ್ನು ನಾನು ಇಪ್ಪತ್ತು ವರ್ಷದಿಂದ ಪಾಠ ಮಾಡುತ್ತಿದ್ದೇನೆ. ಕಟ್ಟಿಸಿದವರು ಯಾರು ಅಂತ ಪರೀಕ್ಷೆಯಲ್ಲಿ ಕೇಳುತ್ತೇನೆ. ಕಟ್ಟಿದವನು ಯಾರು ಅಂತ ಒಮ್ಮೆಯೂ ಕೇಳಿಲ್ಲ. ಅವನ ಹೆಸರು ಅಲ್ಲೇ ಕಲ್ಲಿನಲ್ಲಿದೆ ಮಾರಾಯ! ಗುಂಡ, ಅನಿವಾರಿತಾಚಾರಿ. ರಾಜ ಅವನಿಗೆ ತ್ರಿಭುವನಾಚಾರಿ ಅಂತ ಬಿರುದು ಕೊಟ್ಟಿದ್ದು ಶಾಸನದಲ್ಲಿದೆ. ಅಲ್ಲೇ ಇನ್ನೊಬ್ಬ, ಸರ್ವಸಿದ್ಧಿ ಆಚಾರಿ, ತೆಂಕಣ ನಾಡಿನ ಸೂತ್ರಧಾರಿ, ಅಂದರೆ ಮುಖ್ಯ ಶಿಲ್ಪಿ. ಅವನಿಗೆ ಏನೇನು ಬರುತ್ತಿತ್ತು ಅಂತ ಪಟ್ಟಿಯೇ ಇದೆ. ಮನೆ, ಅರಮನೆ, ಬಂಡಿ, ಪೀಠ, ಮಂಚ, ಮಣಿ ಕಿರೀಟ. ನಿಮ್ಮ ಅಂಗಡಿ ಬೋರ್ಡಿನಲ್ಲಿ ಕಾಕಾ ಬರೆಸಿದ್ದರಲ್ಲ, 'ಇಲ್ಲಿ ಬಾಗಿಲು, ಚೌಕಟ್ಟು, ಮಂಚ, ರಂಟೆ, ಕುಂಟೆ ಮಾಡಿಕೊಡಲಾಗುವುದು', ಹಾಗೇ ಇದೆ. ಅಲ್ಲೇ ನಿಂತು ನಕ್ಕಿದ್ದಕ್ಕೆ ಮಕ್ಕಳು ಸರ್‌ಗೆ ಏನೋ ಆಗಿದೆ ಅಂದುಕೊಂಡರು.

ಐಹೊಳೆಯಲ್ಲಿ ಇನ್ನೂ ಜೋರು. ಹುಚ್ಚಪ್ಪಯ್ಯನ ಗುಡಿಯಲ್ಲಿ ನರಸೊಬ್ಬ ಅನ್ನುವವನ ಬರಹ ಇದೆ. ಮನೆ, ಗುಡಿ ಕಟ್ಟುವುದರಲ್ಲಿ ನರಸೊಬ್ಬನಂಥ ಜಾಣ ಇಡೀ ಜಂಬೂದ್ವೀಪದಲ್ಲಿ ಹಿಂದೆ ಆಗಿಲ್ಲ, ಮುಂದೆ ಆಗುವುದಿಲ್ಲ ಅನ್ನುವುದು ಅದರ ಅರ್ಥ. ಯಾರು ಬರೆಸಿದರೋ, ಅವನೇ ಹೊಡೆದುಕೊಂಡನೋ. ಅವನೇ ಹೊಡೆದುಕೊಂಡಿದ್ದರೆ ನನಗೆ ಜಾಸ್ತಿ ಖುಷಿ.

ಇನ್ನೊಂದು ನಿನಗೇ ಅಂತ ಇಟ್ಟಿದ್ದೇನೆ. ಮದುವೆ ಆದ ಹೊಸದರಲ್ಲಿ ವಿಜಯಪುರಕ್ಕೆ ಹೋದಾಗ ಬುರುಜಿನ ಮೇಲೆ ಮಲಿಕ್-ಎ-ಮೈದಾನ್ ತೋಪಿನ ಮುಂದೆ ಫೋಟೊ ತೆಗೆಸಿಕೊಂಡೆವಲ್ಲ, ನಿನ್ನ ಹೆಂಡತಿ ಬಿಸಿಲು ಅಂತ ಸಿಟ್ಟಾಗಿದ್ದಳು. ಸಿಂಹದ ಬಾಯಿ, ಹಲ್ಲಿನ ಮಧ್ಯ ಒದ್ದಾಡುವ ಆನೆ. ನೀನು ಮಾತ್ರ ಫೋಟೊಕ್ಕೆ ನಿಲ್ಲದೆ ಬೆರಳ ಗೆಣ್ಣಿನಿಂದ ಅದನ್ನು ಬಡಿದು ಬಡಿದು ಗಂಟೆ ಥರ ಬರುವ ನಾದ ಕೇಳುತ್ತಿದ್ದೆ. 'ಸುಮಾರು 55 ಟನ್ ಕಂಚು, ಎಲ್ಲೂ ಬ್ಲೋ ಹೋಲ್ ಕಾಣಂಗಿಲ್ಲಲೇ' ಅಂದೆ. ಎರಕದಲ್ಲಿ ಗಾಳಿ ಸಿಕ್ಕಿಕೊಂಡು ಆಗುವ ತೂತು ಅದು, ಎರಕದವನಿಗೆ ಮಾತ್ರ ಬರುವ ಮಾತು. ಅದನ್ನು 1549ರಲ್ಲಿ ಅಹ್ಮದನಗರದಲ್ಲಿ ಎರಕ ಹೊಯ್ದವನು ಮುಹಮ್ಮದ್ ರೂಮಿ. ಹೆಸರು ತೋಪಿನ ಮೇಲೆಯೇ ಇದೆ. 1686ರಲ್ಲಿ ಬಿಜಾಪುರ ಗೆದ್ದ ಔರಂಗಜೇಬ ಬಂದು, ಈ ಮಲಿಕ್-ಎ-ಮೈದಾನ್ ನನ್ನ ಕೈಗೆ ಬಂತು ಅಂತ ಅದೇ ತೋಪಿನ ಮೇಲೆ ತನ್ನದೂ ಬರೆಸಿದ. ಅಂದರೆ ಕೈಜೆನ್ ಬೋರ್ಡು ಆಗಲೂ ಇತ್ತು. ಆಮೇಲೆ 1854ರಲ್ಲಿ ಬ್ರಿಟಿಷರು ಅದನ್ನು ಹರಾಜಿಗೆ ಹಾಕಿದರು. ಬಂದ ಬೆಲೆ 150 ರೂಪಾಯಿ. ಪುಣ್ಯಕ್ಕೆ ಯಾರೋ ಅದನ್ನು ರದ್ದು ಮಾಡಿದರು.

ಇದೆಲ್ಲ ಓದಿ ನೀನು 'ಮತ್ತ ನಾ ಏನ್ ಮಾಡ್ಲಿ, ಫಿಕ್ಸ್ಚರ್ ಮ್ಯಾಲೆ ಹೆಸರ ಕೊರೀಲೇನು' ಅಂತೀಯ. ಕೊರಿ. ನಿಜವಾಗಿ ಹೇಳುತ್ತಿದ್ದೇನೆ, ಕೊರಿ. ಅಡಿಯಲ್ಲಿ, ಎಣ್ಣೆ ಹಚ್ಚುವವನಿಗೆ ಮಾತ್ರ ಕಾಣುವ ಜಾಗದಲ್ಲಿ ಪಂಚ್ ತಗೊಂಡು ನಾಲ್ಕು ಅಕ್ಷರ ಹೊಡಿ. ಸಾಹೇಬರು ಬಗ್ಗಿ ನೋಡುವುದಿಲ್ಲ.

ಈ ಪತ್ರ ಎಲ್ಲರಿಗೂ ಕಾಣುವ ಹಾಗೆ ಹಾಕುತ್ತಿದ್ದೇನೆ, ನಿನ್ನ ಹೆಸರು ಹಾಕಿಲ್ಲ, ಹೆದರಬೇಡ. ಹೆಸರು ಸಿಗಲಿಲ್ಲ ಅಂತ ಅತ್ತವನ ಹೆಸರನ್ನೇ ಬಿಟ್ಟು ಪತ್ರ ಬರೆಯುವ ಗತಿ ನೋಡು.

ಈಗ ನಾನು ನಿಜವಾಗಿ ಕೇಳಬೇಕು ಅಂತ ಇದ್ದದ್ದಕ್ಕೆ ಬರುತ್ತೇನೆ. ನಾವು ಆರನೇ ಕ್ಲಾಸಿನಲ್ಲಿದ್ದಾಗ ಜಾತ್ರೆಗೆ ದೊಡ್ಡಾಟ, ಅಂದರೆ ಕುಣಿತದ ಬಯಲಾಟ, ಆಡಿದರಲ್ಲ, ಅದರಲ್ಲಿ ಮಯಸಭೆ ಬರುತ್ತಿತ್ತು. ಬೇರೆ ಊರುಗಳಲ್ಲಿ ಒಂದು ನೀಲಿ ಸೀರೆ ಹಾಸಿ ಮುಗಿಸುತ್ತಿದ್ದರು. ನಮ್ಮ ಊರಿನಲ್ಲಿ ಕಾಕಾ ಮೂರು ದಿನ ಗುಡಿಯ ಹಿಂದೆ ಪರದೆ ಕಟ್ಟಿಕೊಂಡು ಏನೋ ಕುಟ್ಟುತ್ತಿದ್ದರು, ನಮ್ಮನ್ನು ಹತ್ತಿರ ಬಿಟ್ಟಿರಲಿಲ್ಲ. ಆ ರಾತ್ರಿ ಗ್ಯಾಸ್ ಬತ್ತಿಯ ಬೆಳಕಿನಲ್ಲಿ ನೋಡಿದರೆ ಆಟದ ವೇದಿಕೆಯಾದ ಅಟ್ಟದ ಮೇಲೆ ಒಂದು ಕಡೆ ಕೊಳ. ಹತ್ತಿರ ಹೋದಾಗ ಗೊತ್ತಾಯಿತು, ನೀಲಿ ಬಟ್ಟೆಯ ಮೇಲೆ ಕಿಟಕಿಯ ಗಾಜು ಹಾಕಿದ್ದು. ಇನ್ನೊಂದು ಕಡೆ ನೆಲ, ನೆಲದ ಮೇಲೆ ಚೆಂದದ ರಂಗೋಲಿ. ದುರ್ಯೋಧನನ ಪಾತ್ರದವರಿಗೆ ಆಟ ಕಲಿಸಿದ ಮಾಸ್ತರರು ಏನೂ ಹೇಳಿರಲಿಲ್ಲ. ಅವರು ಗಾಜಿನ ಹತ್ತಿರ ಧೋತರ ಎತ್ತಿ ನಡೆದರು, ಜನ ನಕ್ಕರು, ಅವರಿಗೆ ಹುರುಪು ಬಂತು, ತಾಳಕ್ಕೆ ಸರಿಯಾಗಿ ಕುಣಿಯುತ್ತಾ ರಂಗೋಲಿಯ ಮೇಲೆ ಕಾಲಿಟ್ಟರು. ದಬಕ್ ಅಂತ ಮೊಣಕಾಲ ತನಕ ನೀರು! ಪತ್ರಾಸಿನ, ಅಂದರೆ ತಗಡಿನ ತೊಟ್ಟಿ, ಅಂಚಿನ ತನಕ ನೀರು, ನೀರಿನ ಮೇಲೆ ಇದ್ದಲಿ ಪುಡಿ ಉದುರಿಸಿ ಅದರ ಮೇಲೆ ರಂಗೋಲಿ. ಕಿರೀಟ ಹಾರಿ ಆಟ ನಡೆಸುವ ಸಾರಥಿಯ ಕಾಲ ಹತ್ತಿರ ಬಿತ್ತು. ಅವರು ಬೈದ ಬೈಗುಳ ಯಾವ ಭಾರತದಲ್ಲೂ ಇಲ್ಲ. ಜನ ಎದ್ದು ನಿಂತು ಕೇಕೆ ಹಾಕಿದರು, ಆಟ ಅರ್ಧ ಗಂಟೆ ನಿಂತಿತು.

ಆಮೇಲೆ ಆಯೇರಿ, ಅಂದರೆ ಆಟದವರಿಗೆ ಕಾಣಿಕೆ ಕೊಡುವುದು, ಶುರು ಆಯಿತು. ದುರ್ಯೋಧನನಿಗೆ ಹನ್ನೊಂದು ರೂಪಾಯಿ, ಭೀಮನಿಗೆ ಐದು, ಮಾಸ್ತರರಿಗೆ ಟವೆಲ್ಲು, ಟೆಂಗಿನಕಾಯಿ. ಒಬ್ಬೊಬ್ಬರ ಹೆಸರು ಮೈಕಿನಲ್ಲಿ ಕೂಗಿದರು. ಕಾಕಾ ಅಟ್ಟದ ಕೆಳಗೆ ಬೀಡಿ ಹಚ್ಚಿಕೊಂಡು ಕೂತಿದ್ದರು, ಒದ್ದೆ ಕೈ ಧೋತರಕ್ಕೆ ಒರೆಸಿಕೊಳ್ಳುತ್ತಾ. ನೀನು ಅವರ ಪಕ್ಕ ಇದ್ದೆ. ನಿನ್ನ ಮುಖ ನನಗೆ ಇನ್ನೂ ನೆನಪಿದೆ, ಆದರೆ ಕಾಕಾನ ಮುಖದಲ್ಲಿ ಆ ಥರದ್ದು ಏನೂ ಇರಲಿಲ್ಲ. ಅವರು ಮೇಲೆ ನೋಡುತ್ತಿದ್ದರು, ಹಲಗೆಯ ಸಂದಿನಿಂದ ಇನ್ನೂ ನೀರು ಸೋರುತ್ತಿತ್ತು, ಎಲ್ಲಿಂದ ಸೋರುತ್ತಿದೆ ಅಂತ ಹುಡುಕುತ್ತಿದ್ದರು.

ನನ್ನ ಪ್ರಶ್ನೆ ಇದು. ದೊಡ್ಡಾಟದ ಕುಣಿತ ಅಂದರೆ ಅಟ್ಟ ಅದುರುತ್ತದೆ. ಆ ಭೀಮ ಕುಣಿದದ್ದಕ್ಕೆ ಗ್ಯಾಸ್ ಬತ್ತಿಯೇ ಅಲ್ಲಾಡುತ್ತಿತ್ತು. ಎರಡು ತಾಸು ಅವರೆಲ್ಲ ಹಾಗೆ ಕುಣಿದರೂ, ಪಕ್ಕದಲ್ಲೇ ಇದ್ದ ಆ ನೀರಿನ ಮೇಲಿನ ರಂಗೋಲಿ ಒಂದು ಎಳೆ ಕೂಡ ಕದಡಲಿಲ್ಲ. ಅದು ಹೇಗೆ? ನಂದೊಂದು ಅಂದಾಜು ಇದೆ. ತೊಟ್ಟಿಯನ್ನು ಹಲಗೆಗೆ ತಾಗಿಸದೆ ಕೆಳಗೆ ನೆಲದಿಂದ ಕಲ್ಲು ಒಟ್ಟಿ, ಮೇಲೆ ಉಸುಕು ಹಾಸಿ ಕೂರಿಸಿದ್ದರಾ? ಹಲಗೆಗೂ ಅದಕ್ಕೂ ನಡುವೆ ಬೆರಳಷ್ಟು ಸಂದು ಬಿಟ್ಟಿದ್ದರೆ, ಆ ಸಂದನ್ನು ಮುಂದೆ ಕೂತವರಿಗೆ ಕಾಣದ ಹಾಗೆ ಯಾವುದರಿಂದ ಮುಚ್ಚಿದರು? ಕಾಕಾ ಈಗ ನಿನ್ನ ಹತ್ತಿರವೇ ಇದ್ದಾರಲ್ಲ, ಮಧ್ಯಾಹ್ನ ಊಟ ಆದ ಮೇಲೆ ಒಳ್ಳೆ ಮೂಡಿನಲ್ಲಿ ಇರುತ್ತಾರೆ, ಆಗ ಕೇಳು. ಕಿವಿ ಮಂದ ಆಗಿದೆ ಅಂದಿದ್ದೆ, ಜೋರಾಗಿ ಕೇಳು. ಅವರು ಹೇಳಿದ್ದನ್ನು ಹಾಗೆಯೇ ಬರಿ, ಸಾಧ್ಯ ಆದರೆ ಚಿತ್ರ ತೆಗೆಸಿ ಕಳಿಸು.

ನಿನ್ನ
ದೋಸ್ತ,
ನವನಗರ, ಬಾಗಲಕೋಟೆ